ತೆರೆದ ಕಿಟಕಿಯಿಂದ ಬಿದ್ದ ಮಾತು

"ನೀನು ಯಾರ ಮಗಳು?"

ಸಿಂಧೂರಾಳ ಕೈಯಿಂದ ಫೋನು ಜಾರಿ ಲ್ಯಾಪ್‌ಟಾಪಿನ ಮೇಲೆ ಬಿತ್ತು. ಆ ಕಡೆಯಿಂದ ಮೈಸೂರಿನ ಅಮ್ಮ, "ಹಲೋ... ಹೀರೆಕಾಯಿ ಸಿಪ್ಪೆ ಬಿಸಾಡ್ಬೇಡ ಕಣೇ, ಚಟ್ನಿ ಮಾಡ್ಕೋ..." ಎನ್ನುತ್ತಲೇ ಇದ್ದರು.

ಕನ್ನಡ!... ಜಪಾನಿನ ಕಾವಾಸಾಕಿಯ ಬೇಸ್‌ಬಾಲ್ ಸ್ಟೇಡಿಯಮ್ಮಿನ ಕಾಮೆಂಟರಿ ಬಾಕ್ಸಿನಲ್ಲಿ ಕನ್ನಡ!

ತಿರುಗಿ ನೋಡಿದಳು. ಬಾಗಿಲಲ್ಲಿ ಎತ್ತರದ ಮನುಷ್ಯ. ಅಗಲ ಭುಜ, ಇಸ್ತ್ರಿ ಮಾಡಿದ ಸೂಟು, ಮುಖದ ಅರ್ಧ ಮುಚ್ಚಿದ ಬಿಳಿ ಮಾಸ್ಕು. ಮಾಸ್ಕಿನ ಮೇಲಿದ್ದ ಎರಡು ಕಪ್ಪು ಕಣ್ಣುಗಳು ಮಾತ್ರ ಅವಳನ್ನೇ ನೋಡುತ್ತಿದ್ದವು.

"ಏನಂದ್ರಿ?"

"ನೀನು. ಯಾರ ಮಗಳು?"

ಅವಳ ಮೈ ಉರಿದುಹೋಯಿತು. ಪರಿಚಯವಿಲ್ಲ, ನಮಸ್ಕಾರವಿಲ್ಲ, ಬಂದವನೇ ಏಕವಚನ!

"ಯಾರ ಮಗಳಾದ್ರೆ ನಿಮಗೇನ್ರೀ? ಮೊದಲ್ನೇ ಸಲ ನೋಡ್ತಿರೋರನ್ನ ಹೀಗಾ ಮಾತಾಡ್ಸೋದು?"

ಆ ಕಣ್ಣುಗಳಲ್ಲಿ ಒಂದು ಗೊಂದಲ... ಪ್ರೀತಿಯಿಂದ ಕೈಚಾಚಿ ಪೆಟ್ಟು ತಿಂದ ಮಗುವಿನದು. ಆತ ಸೊಂಟ ಬಗ್ಗಿಸಿ "ಸುಮಿಮಾಸೆನ್" ಎಂದು ಜಪಾನಿಯಲ್ಲಿ ಕ್ಷಮೆ ಕೇಳಿದ. ಅಕ್ರಿಲಿಕ್ ಹಲಗೆಯ ಆಚೆಗಿನ ಕುರ್ಚಿಯಲ್ಲಿ ಹೋಗಿ ಕುಳಿತ. ಪಂದ್ಯ ಮುಗಿಯುವವರೆಗೆ ಈ ಕಡೆ ತಿರುಗಲೇ ಇಲ್ಲ.

ಬೈದವಳಿಗೆ ಸಮಾಧಾನವಾಗಬೇಕಿತ್ತು. ಆಗಲಿಲ್ಲ. 'ನಾನೇನು ತಪ್ಪು ಮಾಡಿದೆ? ತಪ್ಪು ಅವನದು ತಾನೇ?'

*

ಅದು ಕೊರೋನಾದ ಮೊದಲ ವರ್ಷ. ಬೆಂಗಳೂರಿನ ಕಂಪನಿಯೊಂದು ಸಿಂಧೂರಾಳನ್ನು ಜಪಾನಿನ ಕ್ರೀಡಾ ಚಾನೆಲ್ಲಿನ ಕೆಲಸಕ್ಕೆ ಕಳಿಸಿತ್ತು. ಯಾವ ಆಟಗಾರ ಎಂಥ ಚೆಂಡಿಗೆ ಹೇಗೆ ಹೊಡೆಯುತ್ತಾನೆ ಎಂಬ ಅಂಕಿಅಂಶವನ್ನು ಕಾಮೆಂಟರಿ ಹೇಳುವವರ ಸ್ಕ್ರೀನಿಗೆ ಕಳಿಸುವುದು ಅವಳ ಕೆಲಸ. ಕಾಯಿಲೆಯ ಕಾಲವಾದ್ದರಿಂದ ಬಾಕ್ಸಿನೊಳಗೆ ಅನಗತ್ಯವಾಗಿ ಮಾತಾಡಬಾರದು. ಗಾಳಿ ಆಡಲೆಂದು ಮುಂದಿನ ದೊಡ್ಡ ಕಿಟಕಿ ಸದಾ ತೆರೆದೇ ಇರಬೇಕು.

ಕಿಟಕಿಯಾಚೆ ಸಾವಿರಾರು ಖಾಲಿ ಕುರ್ಚಿಗಳು. ಮೊದಮೊದಲು ಒಬ್ಬ ಪ್ರೇಕ್ಷಕನೂ ಇರಲಿಲ್ಲ. ಆಮೇಲೆ ಸ್ವಲ್ಪ ಜನರನ್ನು ಬಿಟ್ಟರು, ಆದರೆ ಕೂಗುವಂತಿಲ್ಲ, ಚಪ್ಪಾಳೆ ಮಾತ್ರ. ಬ್ಯಾಟಿಗೆ ಚೆಂಡು ತಾಗಿದರೆ ದೇವಸ್ಥಾನದ ಗಂಟೆ ಹೊಡೆದಂತೆ ಇಡೀ ಸ್ಟೇಡಿಯಂ ಮೊಳಗುತ್ತಿತ್ತು.

ಆತ ಯಾರೆಂದು ಹೇಳಿದವರು ಕುಮಗಾಯಿ ಸಾನ್. ಪಂದ್ಯವನ್ನು ವರ್ಣಿಸುವ ಹಿರಿಯ ನಿರೂಪಕರು; ಸಾನ್ ಎಂದರೆ ನಮ್ಮ 'ಅವರು' ಇದ್ದ ಹಾಗೆ.

"ಋಷಭ್ ಹಿರೋಸೆ ಗೊತ್ತಿಲ್ವಾ! ಟಾಮಾ ಹೆರಾನ್ಸ್ ತಂಡದ ಕ್ಯಾಚರ್ ಆಗಿದ್ದವನು. ತಂದೆ ಇಂಡಿಯಾದವರು, ಈ ಊರಿನ ಫ್ಯಾಕ್ಟರಿಯಲ್ಲಿ ಎಂಜಿನಿಯರ್ ಆಗಿದ್ದರು. ತಾಯಿ ನಮ್ಮವರು, ಈಗಿಲ್ಲ. ಮೊಣಕಾಲು ಹೋದ ಮೇಲೆ ಆಟ ಬಿಟ್ಟ, ಹುಡುಗರ ತಂಡಕ್ಕೆ ಕೋಚ್ ಆದ, ಈಗ ನಮ್ಮ ಜತೆ ವಿಶ್ಲೇಷಣೆ ಮಾಡ್ತಾನೆ. ಮುಂದಿನ ವರ್ಷ ಹೆರಾನ್ಸ್‌ಗೆ ಅವನೇ ಮ್ಯಾನೇಜರ್ ಅಂತ ಸುದ್ದಿ. ಅವನ ಜೀವ ಇರೋದೇ ಅದರ ಮೇಲೆ."

ಬೇಸ್‌ಬಾಲಿನಲ್ಲಿ ಮ್ಯಾನೇಜರ್ ಎಂದರೆ ಆಫೀಸಿನ ಮ್ಯಾನೇಜರ್ ಅಲ್ಲ, ತಂಡ ನಡೆಸುವ ಯಜಮಾನ. ಕ್ಯಾಚರ್ ಎಂದರೆ ನಮ್ಮ ವಿಕೆಟ್ ಕೀಪರ್ ಇದ್ದ ಹಾಗೆ. ಎಂಥ ಚೆಂಡು ಹಾಕಬೇಕೆಂದು ಬೆರಳಿನ ಸನ್ನೆಯಲ್ಲಿ ಎಸೆಯುವವನಿಗೆ ಹೇಳಿ, ಅದು ಬರುವ ಜಾಗಕ್ಕೆ ಕೈಗವಸು ಹಿಡಿದು ಕೂರುವವನು. ಆ ಗುಟ್ಟು ಹೊಡೆಯುವವನ ಕಿವಿಗೆ ಬಿದ್ದರೆ ಆಟ ಕೆಟ್ಟಿತು. ಯಾರಾದರೂ ಬೇಕೆಂದೇ ತಿಳಿಸಿದರೆ ಅದು ಮೋಸ. ಅಂಥವನನ್ನು ಯಾವ ತಂಡವೂ ಹತ್ತಿರ ಸೇರಿಸುವುದಿಲ್ಲ.

*

ಮುಂದಿನ ಪಂದ್ಯ. ಆತನ ಮೇಜಿನ ಮೇಲೆ ಒಂದು ಕೆಂಪು ಗುಂಡಿಯಿತ್ತು. ಕೆಮ್ಮು ಬಂದಾಗ ಒತ್ತಿದರೆ ಮೈಕು ಸತ್ತಿರುತ್ತದೆ. ಕುಮಗಾಯಿ ಸಾನ್ ವರ್ಣನೆಯಲ್ಲಿ ಮುಳುಗಿದ್ದಾಗ ಆತ ಆ ಗುಂಡಿ ಒತ್ತಿ ಹಿಡಿದು ಹಲಗೆಯ ಕಡೆ ಬಾಗಿದ.

"ಮೊನ್ನೆ... ನೀನು ಕೋಪ. ಯಾಕೆ?"

ಸಿಂಧೂರಾ ಲ್ಯಾಪ್‌ಟಾಪಿನಿಂದ ತಲೆ ಎತ್ತಲಿಲ್ಲ.

"ಅಪ್ಪ... ಕನ್ನಡದವರು ಸಿಕ್ಕಿದ್ರೆ ಮೊದಲು ಅದೇ ಕೇಳ್ತಿದ್ದ. ಸ್ಟೇಷನ್ನಲ್ಲಿ, ಟ್ರೈನಲ್ಲಿ. ನೀನು ಯಾರ ಮಗ, ಯಾರ ಮಗಳು ಅಂತ. ಕೇಳಿದ ಕೂಡ್ಲೆ ಅವರು ನಗ್ತಿದ್ರು. ಮನೆಗೆ ಬರ್ತಿದ್ರು. ಅದಕ್ಕೆ ನಾನು ಅದು... ಹಲೋ ಅಂದ್ಕೊಂಡಿದ್ದೆ."

ಅವಳ ಮಾಸ್ಕಿನೊಳಗೆ ನಗು ಉಕ್ಕಿತು.

"ಹಲೋ ಅಲ್ಲ ಅದು!"

"ಅಲ್ವಾ?" ಆತ ನಿಜಕ್ಕೂ ಗಾಬರಿಯಾದ. "ಕನ್ನಡ ನನಗೆ ಕಿವಿಗೆ ಬರುತ್ತೆ. ಬಾಯಿಗೆ ಬರಲ್ಲ. ಅಪ್ಪ ನನ್ನ ಹತ್ರ ಮಾತಾಡಿದ್ದೇ ನನಗೆ ಗೊತ್ತಿರೋ ಕನ್ನಡ."

ಅವಳಿಗೆ ಅರ್ಥವಾಯಿತು. ಮಗನಿಗೆ ಯಾವ ತಂದೆಯೂ 'ನೀವು' ಎನ್ನುವುದಿಲ್ಲ. 'ನೀವು' ಎಂಬುದನ್ನು ಆತ ಯಾರಿಂದ ಕಲಿಯಬೇಕಿತ್ತು?

"ಈಗ ಯಾಕೆ ಕನ್ನಡ ಬೇಕು ನಿಮಗೆ?"

ಆತ ಮೈದಾನದ ಕಡೆ ನೋಡಿದ. ಒತ್ತಿ ಹಿಡಿದ ಗುಂಡಿಯ ಮೇಲೆ ಬೆರಳು ಬಿಳಿಚಿತು.

"ಅಪ್ಪಂಗೆ ಮರೆವು. ಇಲ್ಲೇ ವೃದ್ಧರ ಆರೈಕೆ ಮನೆಯಲ್ಲಿದ್ದಾನೆ. ಜಪಾನಿ ಪೂರ್ತಿ ಹೋಗಿದೆ. ಕನ್ನಡ ಒಂದೇ ಇದೆ. ಕೊರೋನಾ ಅಂತ ಒಳಗೆ ಬಿಡಲ್ಲ, ಕಿಟಕಿ ಗಾಜಿನ ಆಚೆಯಿಂದ ಫೋನಲ್ಲಿ ಮಾತು. ನದಿ ಪಕ್ಕ ಅವನ ಒಂದು ತುಂಡು ತೋಟ ಇದೆ. ಅದರ ಬಗ್ಗೆ ಕೇಳ್ತಾನೆ. ಏನೇನೋ ಕಾಯಿ ಹೆಸರು... ನನಗೆ ಯಾವುದು ಏನು ಅಂತ ಗೊತ್ತಿಲ್ಲ. ನಾನು ಹಾಂ ಹಾಂ ಅಂತೀನಿ. ಅವನು ನನ್ನ ನೋಡಿ... ನೀನು ಯಾರ ಮಗ ಅಂತ ಕೇಳ್ತಾನೆ."

ಸಿಂಧೂರಾ ಲ್ಯಾಪ್‌ಟಾಪಿನ ಕಡೆ ತಿರುಗಿದಳು. ಕಣ್ಣು ಮಂಜಾಗಿತ್ತು. ಒಂದು ಬದನೆಕಾಯಿಯ ಚಿತ್ರ ಹುಡುಕಿ ಆತನ ಸ್ಕ್ರೀನಿಗೆ ಕಳಿಸಿದಳು.

"ಬದನೆಕಾಯಿ" ಎಂದು ಮೆಲ್ಲಗೆ ಹೇಳಿಕೊಟ್ಟಳು.

"ಬದನೆಕಾಯಿ!"

ಕ್ಯಾಚರ್‌ನ ಗಂಟಲು ಅದು. ಇಪ್ಪತ್ತು ವರ್ಷ ಮೈದಾನದ ಗದ್ದಲದ ಮೇಲೆ ಕೂಗಿ ಅಭ್ಯಾಸವಾದದ್ದು. ಪಿಸುಮಾತು ಎಂದು ಆತ ಅಂದುಕೊಂಡದ್ದು ತೆರೆದ ಕಿಟಕಿಯಿಂದ ಆರಾಮವಾಗಿ ಹೊರಗೆ ಹೋಯಿತು. ಅದನ್ನು ಇಬ್ಬರೂ ಗಮನಿಸಲಿಲ್ಲ.

*

ಅಲ್ಲಿಂದ ಅದೊಂದು ಆಟವಾಯಿತು. ಚೆಂಡು ಎಸೆಯುವ ಮುನ್ನ ಬಿಡುವಿದ್ದಾಗ ಅವಳು ಚಿತ್ರ ಕಳಿಸುವಳು. ಆತ ಕೆಂಪು ಗುಂಡಿ ಒತ್ತಿ ಹೆಸರು ಹೇಳುವನು.

"ಸೋರೆಕಾಯಿ!"

"ಅಲ್ಲ! ಅದು ಪಡವಲಕಾಯಿ."

"ಎರಡೂ ಉದ್ದ ಇದೆ."

"ನಿಮ್ಮ ಆಟದಲ್ಲಿ ಎಲ್ಲ ಚೆಂಡೂ ದುಂಡಗೇ ಇರುತ್ತಲ್ಲ, ಎಲ್ಲ ಒಂದೇನಾ?"

ಆತ ನಕ್ಕರೆ ಕಣ್ಣಿನ ಅಂಚಿನಲ್ಲಿ ಮೂರು ಗೆರೆ ಮೂಡುತ್ತಿದ್ದವು. ಮಾಸ್ಕಿನ ಕೆಳಗೆ ಆ ನಗು ಹೇಗಿರಬಹುದು? ಸಿಂಧೂರಾಳಿಗೆ ರೈಲಿನಲ್ಲಿ, ಕೊಂಬಿನಿ ಅಂಗಡಿಯ ಸಾಲಿನಲ್ಲಿ, ಒಲೆಯ ಮುಂದೆ ಅದೇ ಯೋಚನೆ. ಅರ್ಧ ಮುಖ ನೋಡಿ ಯಾರಾದರೂ ಹೀಗಾಗುತ್ತಾರಾ? 'ಛೇ, ನನಗೇನಾಗಿದೆ!'

ಒಂದು ದಿನ ಆತ ಓಡುತ್ತಲೇ ಬಂದ.

"ಅಪ್ಪ ಹೀರೆಕಾಯಿ ಬಿಟ್ಟಿದೆಯಾ ಅಂದ. ನಾನು, ಬಿಟ್ಟಿದೆ, ಎಳೆಯದು ಅಂದೆ. ಅವನು ಗಾಜಿನ ಮೇಲೆ ಕೈ ಇಟ್ಟ, ಸಿಂಧೂರಾ. ಎಷ್ಟೋ ತಿಂಗಳ ಮೇಲೆ!"

ಆತ ಹಲಗೆಯ ಮೇಲೆ ಅಂಗೈ ಇಟ್ಟು ತೋರಿಸಿದ. ಅವಳಿಗೂ ಈ ಕಡೆಯಿಂದ ಕೈ ಇಡಬೇಕೆನಿಸಿತು. ಇಡಲಿಲ್ಲ. ಆತ ಇದನ್ನು ಕೃತಜ್ಞತೆಯಿಂದ ಹೇಳುತ್ತಿದ್ದಾನೋ, ಅಥವಾ... ಆ 'ನೀನು' ಈಗಲೂ 'ನೀವು' ಗೊತ್ತಿಲ್ಲದವನ 'ನೀನು' ಮಾತ್ರವೋ, ಬೇರೆಯೋ? ಯಾರನ್ನು ಕೇಳುವುದು!

*

ಆಗಸ್ಟಿನ ಕೊನೆ. ಹೆರಾನ್ಸ್ ವಿರುದ್ಧ ಒಸಾಕಾ ಥಂಡರ್ಸ್. ಸಂಜೆಯ ಪಂದ್ಯ. ಸಿಂಧೂರಾಳ ಹೆಡ್‌ಫೋನಿನಲ್ಲಿ ಡೈರೆಕ್ಟರ್ ಒಂದೇ ಸಮ ಕಿರುಚುತ್ತಿದ್ದರು.

ಹೆರಾನ್ಸ್ ಆಟಗಾರ ಬ್ಯಾಟು ಎತ್ತಿ ನಿಂತ. ಋಷಭ್ ಗುಂಡಿ ಒತ್ತಿ ಅವಳ ಕಡೆ ತಿರುಗಿದ. ಅವಳು ಚಿತ್ರ ಕಳಿಸಿರಲಿಲ್ಲ. ಆದರೂ ಆತ ಏನೋ ಹೇಳಿದ. ಉದ್ದದ ಮಾತು. ಮಾಸ್ಕು ಅಲುಗಿದ್ದು ಕಂಡಿತು, ಒಂದು ಶಬ್ದವೂ ಕೇಳಿಸಲಿಲ್ಲ. ಕಣ್ಣುಗಳು ಮಾತ್ರ ಅವಳ ಮೇಲೆಯೇ ನಿಂತಿದ್ದವು, ಉತ್ತರಕ್ಕೆ ಕಾದಂತೆ.

ಠಣ್!

ಚೆಂಡು ದೀಪಗಳ ಬೆಳಕಿನಲ್ಲಿ ಏರಿ ಏರಿ ದೂರದ ಗೋಡೆಯಾಚೆ ಬಿತ್ತು. ಹೋಮ್ ರನ್!

"ಅಬ್ಬಾ! ಹೋಯ್ತು!" ಸಿಂಧೂರಾ ಚಪ್ಪಾಳೆ ತಟ್ಟಿದಳು.

ಮತ್ತೆ ತಿರುಗಿದಾಗ ಆತನ ಕಣ್ಣುಗಳು ಆರಿದ್ದವು. ಏನೂ ಆಗದವನಂತೆ ಮೈಕಿನಲ್ಲಿ ಆ ಹೊಡೆತವನ್ನು ವಿವರಿಸುತ್ತಿದ್ದ. ಪಂದ್ಯ ಮುಗಿದು, ಹೆಡ್‌ಫೋನ್ ತೆಗೆದು, "ಆಗ ಏನೋ ಹೇಳಿದ್ರಲ್ಲ..." ಎಂದು ಕೇಳಲು ನೋಡಿದರೆ ಕುರ್ಚಿ ಖಾಲಿ.

ಮುಂದಿನ ಪಂದ್ಯಕ್ಕೆ ಆತ ಬರಲಿಲ್ಲ. ಆ ಕುರ್ಚಿಯಲ್ಲಿ ಬೇರೆಯವರು. ಟೋಕಿಯೋದ ಮಿನಾಟೋದಲ್ಲಿರುವ ಸ್ಟುಡಿಯೋದಿಂದ ಮಾತಾಡುತ್ತಾನೆ ಎಂದರು, ಆಮೇಲೆ ಅಲ್ಲೂ ಕಾಣಲಿಲ್ಲ. ಫೋನಿಗೆ ಒಂದೇ ಒಂದು ಸಂದೇಶ ಬಂತು, ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ.

"ಇನ್ನು ಮಾತು ಬೇಡ."

"ಯಾಕೆ?" ಎಂದು ಬರೆದಳು. ಓದಿದ ಗುರುತು ಬಂತು. ಉತ್ತರ ಬರಲಿಲ್ಲ.

ಯಾಕೆ?... ತಾನೇನು ಮಾಡಿದೆ? ಚಪ್ಪಾಳೆ ತಟ್ಟಿದ್ದೇ ತಪ್ಪಾಯಿತೇ? ಕಾಯಿಗಳ ಹೆಸರು ಕಲಿತಾಯಿತು, ಇನ್ನು ಈಕೆಯೇಕೆ ಎಂದುಕೊಂಡನೇ? ಹಾಗಾದರೆ ಆ ಕಣ್ಣು?... ಮಾಸ್ಕು ಹಾಕಿದವರ ಕಣ್ಣನ್ನು ನಂಬಬಾರದಿತ್ತು!

ಅತ್ತಳು. ಬೆಳಗ್ಗೆ ಎದ್ದು ಮುಖ ತೊಳೆದು ಕೆಲಸಕ್ಕೆ ಹೋದಳು. ದುಃಖ ಎಷ್ಟಿದ್ದರೂ ಬೆಳಗಿನ ಟ್ರೈನು ಅದೇ ಹೊತ್ತಿಗೆ ಬರುತ್ತದೆ.

*

ಅಕ್ಟೋಬರ್ ಬಂತು. ಸ್ಟೇಷನ್ ಪಕ್ಕದ ಕೊಂಬಿನಿಯ ಮುಂದೆ ಕುಮಗಾಯಿ ಸಾನ್ ಕಾಫಿ ಹಿಡಿದು ನಿಂತಿದ್ದರು. ಸಿಂಧೂರಾಳನ್ನು ಕಂಡು ಮುಖ ತಿರುಗಿಸಿದರು. ಮತ್ತೆ ಮನಸ್ಸು ಬದಲಿಸಿದವರಂತೆ ಹತ್ತಿರ ಬಂದರು.

"ಸಿಂಧೂರಾ ಸಾನ್, ನಿಜ ಹೇಳಿ. ನೀವು ಯಾಕೆ ಸುಮ್ಮನಿದ್ದೀರಿ?"

"ಯಾವುದಕ್ಕೆ?"

"ನಿಮಗೆ... ಯಾರೂ ಹೇಳೇ ಇಲ್ವಾ?"

ಆಮೇಲೆ ಅವರು ಹೇಳಿದ್ದನ್ನು ಕೇಳಿ ಸಿಂಧೂರಾ ಅಲ್ಲೇ ಸೈಕಲ್ ನಿಲ್ಲಿಸುವ ಕಟ್ಟೆಯ ಮೇಲೆ ಕುಳಿತಳು.

ಒಸಾಕಾ ಥಂಡರ್ಸ್ ದೂರು ಕೊಟ್ಟಿತ್ತು. ಚೆಂಡು ಎಸೆಯುವ ಮುನ್ನ ಕಾಮೆಂಟರಿ ಬಾಕ್ಸಿನಿಂದ ಯಾರಿಗೂ ತಿಳಿಯದ ಭಾಷೆಯಲ್ಲಿ ಕೂಗು ಕೇಳಿಸುತ್ತದೆ. ಕೂಗುವವನು ಹೆರಾನ್ಸ್‌ನ ಹಳೆಯ ಕ್ಯಾಚರ್. ಅಲ್ಲಿಂದ ನೋಡಿದರೆ ಚೆಂಡು ಎಲ್ಲಿಗೆ ಬರುತ್ತದೆಂದು ಕಾಣುತ್ತದೆ. ಅದನ್ನು ಗುಟ್ಟುಮಾತಿನಲ್ಲಿ ತನ್ನ ಹಳೆಯ ತಂಡಕ್ಕೆ ತಿಳಿಸುತ್ತಿದ್ದಾನೆ. ಕೊನೆಯ ಹೋಮ್ ರನ್‌ಗೆ ಮುಂಚೆಯಂತೂ ಉದ್ದವಾಗಿಯೇ ಕೂಗಿದ!

"ಗುಟ್ಟುಮಾತಾ?" ಅವಳಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. "ಕುಮಗಾಯಿ ಸಾನ್, ಅದು ತರಕಾರಿ! ಬದನೆಕಾಯಿ!"

"ನನಗೇನು ಗೊತ್ತು! ನಾನು ಚೆಂಡು ನೋಡ್ತಿರ್ತೀನಿ. ಋಷಭ್ ಅಂತೂ 'ನಾನೊಬ್ಬನೇ ನನ್ನಷ್ಟಕ್ಕೆ ಮಾತಾಡ್ಕೊಳ್ತಿದ್ದೆ' ಅಂತ ಹೇಳಿಕೆ ಕೊಟ್ಟಿದ್ದಾನೆ. ಯಾರು ನಂಬ್ತಾರೆ? ಅವನನ್ನ ಕೆಲಸದಿಂದ ದೂರ ಇಟ್ಟಿದ್ದಾರೆ. ಬಾಕ್ಸಿನಲ್ಲಿದ್ದ ಯಾರ ಜತೆಗೂ ಮಾತಾಡಬಾರದು ಅಂತ ಆಜ್ಞೆ."

"ನನ್ನ ಹೆಸರು ಯಾಕೆ ಹೇಳಲಿಲ್ಲ?"

ಕುಮಗಾಯಿ ಸಾನ್ ಅವಳನ್ನೇ ನೋಡಿದರು.

"ಬಾಕ್ಸಿನಲ್ಲಿ ಹರಟೆ ಹೊಡೆದ ಹೊರಗಿನ ಕಂಪನಿಯ ಹುಡುಗಿಯನ್ನ ಚಾನೆಲ್ ಇಟ್ಟುಕೊಳ್ಳುತ್ತಾ? ಅದು ಅವನಿಗೆ ಗೊತ್ತು. ಹೆರಾನ್ಸ್ ಬೇರೆ ಮ್ಯಾನೇಜರ್‌ನ ಹುಡುಕ್ತಿದೆ, ಅದೂ ಗೊತ್ತು."

'ಇನ್ನು ಮಾತು ಬೇಡ.' ಆ ಮಾತಿನಲ್ಲಿ ಕೋಪವಿರಲಿಲ್ಲ. ನಯವಾಗಿ ಹೇಳುವ ಕನ್ನಡ ಆತನ ಬಳಿ ಇರಲಿಲ್ಲ, ಅಷ್ಟೇ! ಇಷ್ಟು ದಿನ ತಾನು ಅವನನ್ನು ಏನೇನು ಅಂದುಕೊಂಡೆ...

*

ಬೆಂಗಳೂರಿನ ಮ್ಯಾನೇಜರ್ ವಿವೇಕ್‌ಗೆ ಫೋನ್ ಮಾಡಿದಳು.

"ಸಿಂಧೂರಾ, ಪ್ಲೀಸ್. ನಮ್ಮ ಹೆಸರು ಎಲ್ಲೂ ಬಂದಿಲ್ಲ. ನೀವು ಸೈಲೆಂಟಾಗಿರಿ. ಯಾರಾದ್ರೂ ಕೇಳಿದ್ರೆ ನೆನಪಿಲ್ಲ ಅನ್ನಿ."

"ನೆನಪಿದೆಯಲ್ಲಾ ವಿವೇಕ್."

"ಪ್ರಾಜೆಕ್ಟಿಂದ ತೆಗೀತಾರೆ ನಿಮ್ಮನ್ನ. ಈ ಟೈಮಲ್ಲಿ ಕೆಲಸ ಹೋದ್ರೆ ಮತ್ತೆ ಸಿಗುತ್ತಾ? ಯಾರೋ ಬೇಸ್‌ಬಾಲ್‌ನೋನಿಗೋಸ್ಕರ..."

"ಯಾರೋ ಅಲ್ಲ" ಎಂದುಬಿಟ್ಟಳು. ಅಂದ ಮೇಲೆ ಅವಳಿಗೇ ಗಾಬರಿಯಾಯಿತು. ಹಾಗಾದರೆ ಯಾರು? ಅದಕ್ಕೆ ಅವಳ ಬಳಿ ಹೆಸರಿರಲಿಲ್ಲ. ಆದರೆ ಒಬ್ಬನ ಹೆಸರು ಕೆಡುತ್ತಿರುವಾಗ ನಿಜ ಗೊತ್ತಿರುವವಳು ಬಾಯಿ ಮುಚ್ಚಿಕೊಂಡಿದ್ದರೆ, ಆಮೇಲೆ ಆ ಬಾಯಿಂದ ಯಾವ ಪ್ರೀತಿಯ ಮಾತು ಬಂದರೂ ಬೆಲೆಯಿಲ್ಲ. ಇಷ್ಟು ಅವಳಿಗೆ ಸ್ಪಷ್ಟವಾಗಿತ್ತು.

ವಿಚಾರಣಾ ಸಮಿತಿಗೆ ಅವಳೇ ಬರೆದಳು. ಚಿತ್ರ ಕಳಿಸಿದ್ದು ನಾನು, ಕನ್ನಡ ಕಲಿಸಿದ್ದು ನಾನು, ಅದರಲ್ಲಿ ಆಟದ ಮಾತೇ ಇಲ್ಲ. ಮೈದಾನದ ಮೈಕುಗಳಲ್ಲಿ ಎಲ್ಲ ರೆಕಾರ್ಡ್ ಆಗಿರುತ್ತದೆ, ನನ್ನನ್ನು ನಂಬಬೇಡಿ, ಬೇರೆ ಯಾರಿಂದಲಾದರೂ ಅನುವಾದ ಮಾಡಿಸಿ.

ಟೋಕಿಯೋದಲ್ಲಿ ಜಪಾನಿಯೂ ಕನ್ನಡವೂ ಬಲ್ಲವರು ಎಷ್ಟು ಜನ! ಸಮಿತಿ ಹುಡುಕಿ ಹುಡುಕಿ ಕೊನೆಗೆ ಕಾವಾಸಾಕಿಯ ಕಸ್ತೂರಿಯವರ ಬಾಗಿಲು ತಟ್ಟಿತು. ಮಕ್ಕಳಿಗೆ ಭಾನುವಾರ ಕನ್ನಡ ಅಕ್ಷರ ಹೇಳಿಕೊಡುವ, ಊರಿನ ಕನ್ನಡಿಗರೆಲ್ಲ ಆಂಟಿ ಎಂದು ಕರೆಯುವ ಹೆಂಗಸು.

*

ಝೂಮ್ ವಿಚಾರಣೆ. ಪರದೆಯ ಮೇಲೆ ಪುಟ್ಟ ಪುಟ್ಟ ಚೌಕಗಳು. ಸಮಿತಿಯ ಅಧ್ಯಕ್ಷರು, ಥಂಡರ್ಸ್ ಕಡೆಯವರು, ಹೆರಾನ್ಸ್ ಕಡೆಯವರು, ಕುಮಗಾಯಿ ಸಾನ್...

ಕೊನೆಯ ಚೌಕ ತೆರೆದುಕೊಂಡಿತು.

ಋಷಭ್ ತನ್ನ ಮನೆಯಲ್ಲಿ ಕುಳಿತಿದ್ದ. ಮಾಸ್ಕಿಲ್ಲ! ಇಡೀ ಮುಖ. ಗಲ್ಲದ ಮೇಲೆ ಚೆಂಡು ಬಡಿದ ಹಳೆಯ ಗಾಯದ ಗೆರೆ, ಸ್ವಲ್ಪ ಸೊರಗಿದ ಕೆನ್ನೆ, ಬಿಗಿದ ತುಟಿ. ಅವಳನ್ನು ಕಂಡು ಆತ ತಲೆಯಾಡಿಸಿದ. ಬೇಡ, ನೀನು ಬರಬಾರದಿತ್ತು ಎನ್ನುವಂತೆ.

ಅಧ್ಯಕ್ಷರು ಕೇಳಿದರು. "ಕಸ್ತೂರಿ ಸಾನ್, ನಿಮಗೆ ಇವರಿಬ್ಬರ ಪರಿಚಯವಿದೆಯೇ?"

"ಹುಡುಗಿಯನ್ನ ಯುಗಾದಿಗೆ ಒಮ್ಮೆ ನೋಡಿದ್ದೆ. ಹುಡುಗನ್ನ ಟೀವಿಯಲ್ಲಿ. ಬೇಸ್‌ಬಾಲ್ ನನಗೆ ಏನೂ ಗೊತ್ತಿಲ್ಲ."

"ಅದೇ ನಮಗೆ ಬೇಕಾದದ್ದು."

ರೆಕಾರ್ಡಿಂಗ್ ಶುರುವಾಯಿತು. ನಿಶ್ಶಬ್ದ ಸ್ಟೇಡಿಯಮ್ಮಿನ ನಡುವೆ ಗಟ್ಟಿ ಗಂಡುದನಿ.

"ಬದನೆಕಾಯಿ!"

ಕಸ್ತೂರಿ ಆಂಟಿ ಕನ್ನಡಕ ಸರಿಮಾಡಿಕೊಂಡರು. "ಬದನೆಕಾಯಿ ಅಂದ್ರೆ ನಾಸು. ತರಕಾರಿ."

"ಹೀರೆಕಾಯಿ!"

"ಹೆಚಿಮಾ. ಎಳೆಯದಿದ್ದಾಗ ತಿಂತೀವಿ. ಇದೂ ತರಕಾರಿ."

"ಸೋರೆಕಾಯಿ!... ಅಲ್ಲ, ಪಡವಲಕಾಯಿ!"

"ಮೊದಲು ತಪ್ಪು ಹೇಳಿ ಆಮೇಲೆ ತಿದ್ಕೊಂಡಿದ್ದಾನೆ. ಎರಡೂ ತರಕಾರಿನೇ."

ಥಂಡರ್ಸ್ ಕಡೆಯವರು ಬಿಡಲಿಲ್ಲ. "ಒಂದೊಂದು ತರಕಾರಿ ಒಂದೊಂದು ಬಗೆಯ ಚೆಂಡಿಗೆ ಗುರುತಾಗಿರಬಹುದಲ್ಲ?"

ಅಧ್ಯಕ್ಷರು ಪಕ್ಕದಲ್ಲಿದ್ದವರನ್ನು ಕೇಳಿದರು. ಅವರು ಎಲ್ಲ ಪಂದ್ಯ ನೋಡಿದ್ದರು. ಬದನೆಕಾಯಿ ಎಂದಾಗ ಚೆಂಡು ಒಳಗೂ ಬಂದಿತ್ತು, ಹೊರಗೂ ಹೋಗಿತ್ತು. ಹೊಡೆದವರಿಗಿಂತ ಔಟಾದವರೇ ಜಾಸ್ತಿ.

"ಹಾಗಾದರೆ ಕೊನೆಯದು? ಹೋಮ್ ರನ್‌ಗೆ ಮುಂಚಿನ ಉದ್ದದ ಕೂಗು. ಅದು ಒಂದು ತರಕಾರಿಯ ಹೆಸರಲ್ಲ!"

ಋಷಭ್ ತಟ್ಟನೆ ಮುಂದೆ ಬಾಗಿದ. "ಅದು ಬೇಡ. ಅದಕ್ಕೂ ಆಟಕ್ಕೂ ಸಂಬಂಧ ಇಲ್ಲ. ದಯವಿಟ್ಟು..."

"ಅದನ್ನು ನಾವು ತೀರ್ಮಾನಿಸುತ್ತೇವೆ, ಹಿರೋಸೆ ಸಾನ್."

ಸಿಂಧೂರಾ ಪರದೆಯ ಹತ್ತಿರ ಬಾಗಿದಳು. ಯಾಕೆ ಬೇಡ ಎನ್ನುತ್ತಿದ್ದಾನೆ? ನಿಜವಾಗಿಯೂ ಏನಾದರೂ ಹೇಳಿಬಿಟ್ಟಿದ್ದನೇ? ಹಳೆಯ ತಂಡದ ಮೇಲಿನ ಆಸೆಗೆ... ಇಲ್ಲ... ಹಾಗಿರಲಾರದು. ಆದರೆ ಅವನ ಮುಖ ಯಾಕೆ ಹೀಗೆ ಬಿಳಿಚಿದೆ!

ರೆಕಾರ್ಡಿಂಗ್ ಮತ್ತೆ ಓಡಿತು. ಎಲ್ಲೋ ಜೀರುಂಡೆಯ ದನಿ. ಆಮೇಲೆ ಅದೇ ಕಂಠ. ಆದರೆ ಈ ಸಲ ನಡುಗುತ್ತಿತ್ತು.

"ಸಿಂಧೂರಾ... ಕಾಯಿ ಹೆಸರು ಎಲ್ಲ ನೀನು ಕಲಿಸಿದೆ. ಒಂದು ಮಾತು ನನಗೆ ಮೊದಲೇ ಗೊತ್ತಿತ್ತು. ಅಪ್ಪ ಅಮ್ಮಂಗೆ ಹೇಳ್ತಿದ್ದ. ನಿನ್ನ ಬಿಟ್ಟು ಇರಕ್ಕಾಗಲ್ಲ ಅಂತ. ಅದನ್ನ ನಾನು ನಿನಗೆ ಹೇಳಬೋದಾ?"

ಠಣ್! ಬ್ಯಾಟಿನ ಸದ್ದು. ಮತ್ತು ದೂರದಲ್ಲಿ ಸಿಂಧೂರಾಳದೇ ದನಿ. "ಅಬ್ಬಾ! ಹೋಯ್ತು!"

ರೆಕಾರ್ಡಿಂಗ್ ನಿಂತಿತು.

ಕಸ್ತೂರಿ ಆಂಟಿ ಬಾಯಿ ತೆರೆದರು. ಮುಚ್ಚಿದರು. ಕ್ಯಾಮೆರಾದ ಹತ್ತಿರ ಬಂದು ಕನ್ನಡದಲ್ಲೇ ಪಿಸುಗುಟ್ಟಿದರು.

"ಏನ್ರಪ್ಪಾ ಇದು? ಇದನ್ನೂ ಇವರಿಗೆ ಹೇಳ್ಬೇಕಾ?"

ಋಷಭ್ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಿದ್ದ. ಕಿವಿಗಳು ಕೆಂಪಗಾಗಿದ್ದವು.

ಸಿಂಧೂರಾ ಮಾತಾಡಲು ಹೋದಳು. ಕಣ್ಣಿನಿಂದ ನೀರು ಇಳಿಯುತ್ತಿತ್ತು, ಒರೆಸಿಕೊಳ್ಳುವ ನೆನಪೂ ಇರಲಿಲ್ಲ.

"ಹೇಳಿ ಆಂಟಿ" ಎಂದಳು. "ಒಂದಕ್ಷರ ಬಿಡದೆ ಹೇಳಿ. ಅದರಲ್ಲಿ ಮೋಸ ಇಲ್ಲ."

ಕಸ್ತೂರಿ ಆಂಟಿ ನೇರ ಕುಳಿತು, ಒಳ್ಳೆಯ ಜಪಾನಿಯಲ್ಲಿ, ಒಂದಕ್ಷರ ಬಿಡದೆ ಹೇಳಿದರು.

ಥಂಡರ್ಸ್ ಕಡೆಯವರು ಮೊದಲು ತಲೆ ತಗ್ಗಿಸಿದರು, ಆಮೇಲೆ ಎದ್ದು ನಿಂತು ಸೊಂಟ ಬಗ್ಗಿಸಿದರು. ಕ್ಯಾಮೆರಾದಲ್ಲಿ ಅವರ ಬೆಲ್ಟು ಮಾತ್ರ ಕಂಡಿತು. ಕುಮಗಾಯಿ ಸಾನ್ ಕರವಸ್ತ್ರ ಹುಡುಕುತ್ತಿದ್ದರು.

ಅಧ್ಯಕ್ಷರು ಗಂಟಲು ಸರಿಮಾಡಿಕೊಂಡರು. "ದೂರಿನಲ್ಲಿ ಹುರುಳಿಲ್ಲ. ಇನ್ನು ಮುಂದೆ ಬಾಕ್ಸಿನಲ್ಲಿ ಖಾಸಗಿ ಮಾತು ಕೂಡದು. ಹಿರೋಸೆ ಸಾನ್... ಇಂಥ ಮಾತನ್ನು ಹೋಮ್ ರನ್ ಹೊಡೆಯುವ ಆಟಗಾರ ಬ್ಯಾಟು ಹಿಡಿದಾಗ ಹೇಳಬಾರದು. ಕ್ಯಾಚರ್ ಆಗಿದ್ದವರಿಗೆ ಅಷ್ಟು ಗೊತ್ತಿರಬೇಕಿತ್ತು."

*

ಎಲ್ಲವೂ ಸರಿಹೋಯಿತು ಎಂದರೆ ಸುಳ್ಳಾಗುತ್ತದೆ. ವಿಚಾರಣೆ ಮುಗಿಯುವಷ್ಟರಲ್ಲಿ ಹೆರಾನ್ಸ್ ಬೇರೊಬ್ಬರನ್ನು ಮ್ಯಾನೇಜರ್ ಮಾಡಿಯಾಗಿತ್ತು. ಋಷಭ್‌ಗೆ ಹುಡುಗರ ಎರಡನೇ ತಂಡದ ಮ್ಯಾನೇಜರ್ ಕೆಲಸ ಕೊಟ್ಟರು. ಸಿಂಧೂರಾಳನ್ನು ಚಾನೆಲ್ಲಿನ ಕೆಲಸದಿಂದ ತೆಗೆದರು. ವಿವೇಕ್ ಎರಡು ದಿನ ಕೂಗಾಡಿ, ಮೂರನೇ ದಿನ ಒಸಾಕಾದ ಇನ್ನೊಂದು ಪ್ರಾಜೆಕ್ಟಿಗೆ ಹಾಕಿದ.

ನವೆಂಬರಿನ ಒಂದು ಮಧ್ಯಾಹ್ನ ಇಬ್ಬರೂ ಆರೈಕೆ ಮನೆಯ ಹಿತ್ತಲಿನ ಕಿಟಕಿಯ ಮುಂದೆ ನಿಂತಿದ್ದರು. ಗಾಜಿನ ಆಚೆ ಗಾಲಿಕುರ್ಚಿಯಲ್ಲಿ ಋಷಭ್‌ನ ಅಪ್ಪ ಉಮಾಶಂಕರ್. ಮಡಿಲಲ್ಲಿ ಕಂಬಳಿ, ಪಕ್ಕದಲ್ಲಿ ಅವರ ಕಿವಿಗೆ ಫೋನು ಹಿಡಿದ ನರ್ಸು.

"ಅಪ್ಪಾ, ಬದನೆಕಾಯಿ ಗಿಡ ಕಿತ್ತೆ. ಚಳಿ ಬಂತು."

"ಬೀಜ ಇಟ್ಕೊಂಡ್ಯಾ?"

"ಇಟ್ಕೊಂಡೆ."

ಮುದುಕರ ದೃಷ್ಟಿ ನಿಧಾನವಾಗಿ ಪಕ್ಕಕ್ಕೆ ಸರಿಯಿತು. ಸಿಂಧೂರಾಳನ್ನು ಮೇಲಿಂದ ಕೆಳಗೆ ನೋಡಿದರು. ಋಷಭ್ ಫೋನನ್ನು ಅವಳ ಕಿವಿಗೆ ಕೊಟ್ಟ.

"ನೀನು ಯಾರ ಮಗಳು?"

ಅವಳಿಗೆ ನಗುವೂ ಅಳುವೂ ಒಟ್ಟಿಗೆ ಬಂತು. ಈ ಸಲ ಕೋಪ ಬರಲಿಲ್ಲ.

"ಮೈಸೂರಿನ ಹರಿಪ್ರಸಾದರ ಮಗಳು ಮಾವಯ್ಯ. ಒಂಟಿಕೊಪ್ಪಲು."

"ಮನೆಗೆ ಬಾ" ಎಂದರು ಉಮಾಶಂಕರ್. ಗಾಜಿನ ಮೇಲೆ ಕೈಯಿಟ್ಟರು. "ಹೀರೆಕಾಯಿ ಕೊಡ್ತೀನಿ."

ನರ್ಸು ಗಾಲಿಕುರ್ಚಿ ತಿರುಗಿಸಿ ಒಳಗೆ ಕರೆದುಕೊಂಡು ಹೋದಳು. ಗಾಜಿನ ಮೇಲೆ ಅಂಗೈಯ ಮಸುಕು ಗುರುತು ಉಳಿಯಿತು.

ಸಿಂಧೂರಾ, ಋಷಭ್ ನಡುವೆ ಈಗ ಅಕ್ರಿಲಿಕ್ ಹಲಗೆ ಇರಲಿಲ್ಲ. ಅದಕ್ಕೇ ಏನೋ, ಕೈಗಳನ್ನು ಎಲ್ಲಿಟ್ಟುಕೊಳ್ಳಬೇಕೆಂದು ಇಬ್ಬರಿಗೂ ತಿಳಿಯಲಿಲ್ಲ.

"ಮಾವಯ್ಯ ಅಂದ್ರೆ?" ಋಷಭ್ ಕೇಳಿದ.

"ನಿಮಗೆ ಬೇಡದಿರೋ ಪದವೆಲ್ಲ ಯಾಕೆ?"

"ಒಸಾಕಾ ದೂರ."

"ಶಿಂಕಾನ್‌ಸೆನ್ ರೈಲು ಇದೆಯಲ್ಲ. ಥಂಡರ್ಸ್ ಊರು ಅಂತ ಭಯಾನಾ?"

ಆತ ನಗಲಿಲ್ಲ. "ನೀನು ಉತ್ತರ ಕೊಟ್ಟಿಲ್ಲ. ಹೇಳಬೋದಾ ಅಂತ ಕೇಳಿದ್ದೆ."

"ಇಡೀ ಸಮಿತಿ ಮುಂದೆ ಹೇಳಿ ಆಯ್ತಲ್ಲ!"

"ಅದು ಕಸ್ತೂರಿ ಆಂಟಿ ಹೇಳಿದ್ದು. ನಾನು ಕೇಳಿದೆ ಅಷ್ಟೇ. ಹೇಳಿಲ್ಲ ಇನ್ನೂ."

ಸಿಂಧೂರಾ ಸುತ್ತ ನೋಡಿದಳು. ಹಿತ್ತಲಿನಲ್ಲಿ ಯಾರೂ ಇರಲಿಲ್ಲ. ಮೈಕೂ ಇರಲಿಲ್ಲ. ತನ್ನ ಮಾಸ್ಕನ್ನು ಗಲ್ಲಕ್ಕೆ ಇಳಿಸಿದಳು. ಆತನೂ ಇಳಿಸಿದ. ಕಣ್ಣಿನ ಅಂಚಿನ ಆ ಮೂರು ಗೆರೆಗಳು ಕೆಳಗೆ ಎಂಥ ನಗುವಿಗೆ ಸೇರುತ್ತವೆಂದು ಕೊನೆಗೂ ಹತ್ತಿರದಿಂದ ಕಂಡಳು.

"ಹೇಳು" ಎಂದಳು. ಇಷ್ಟು ದಿನದ 'ನೀವು' ಎಲ್ಲಿಗೆ ಹೋಯಿತೋ ಅವಳಿಗೇ ತಿಳಿಯಲಿಲ್ಲ. "ಆದ್ರೆ ಮೆತ್ತಗೆ ಹೇಳು. ನಿನ್ನ ಗಂಟಲು ಒಸಾಕಾವರೆಗೂ ಕೇಳ್ಸುತ್ತೆ."

"ಕೇಳಿಸ್ಲಿ" ಎಂದ ಋಷಭ್. "ನೀನು ಅಲ್ಲೇ ಇರ್ತೀಯಲ್ಲ."

ಆದರೂ ಆತ ಅವಳ ಕಿವಿಯ ಹತ್ತಿರ ಬಾಗಿ ಮೆತ್ತಗೇ ಹೇಳಿದ. ಈ ಸಲ ಅವಳಿಗೆ ಪೂರ್ತಿ ಕೇಳಿಸಿತು.

"ನನಗೂ ಅಷ್ಟೇ ಕಣೋ" ಎಂದಳು ಸಿಂಧೂರಾ.